ಹತ್ತು ವರ್ಷದ ಮಾತು, ಅರವತ್ತು ವರ್ಷದ ದಾರಿ

ನಮ್ಮಲ್ಲಿ ಬಹಳಷ್ಟು ಜನ ಸಿಇಟಿ ಬರೆದು ಇಂಜಿನಿಯರಿಂಗಿಗೆ ಬಂದವರು. ರ‍್ಯಾಂಕು, ಕೌನ್ಸೆಲಿಂಗು, ಸರ್ಕಾರಿ ಸೀಟು, ಮ್ಯಾನೇಜ್‌ಮೆಂಟ್ ಸೀಟು, ಡೊನೇಶನ್ನು ಎಲ್ಲ ನಮಗೆ ಬಾಯಿಪಾಠ. ಆದರೆ ಇದೇ ಸೀಟು-ಫೀಸಿನ ಜಗಳದಲ್ಲಿ ಸುಪ್ರೀಂ ಕೋರ್ಟು 1992 ಮತ್ತು 1993ರಲ್ಲಿ ಕೊಟ್ಟ ಎರಡು ತೀರ್ಪುಗಳಿಂದಲೇ ಒಂದನೇ ಕ್ಲಾಸಿನ ಮಗುವಿಗೂ "ಶಾಲೆ ನನ್ನ ಹಕ್ಕು" ಅನ್ನೋ ಬಲ ಬಂತು ಅನ್ನೋದು ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು? ಅದರಲ್ಲೂ ಮೊದಲನೆಯ ಕೇಸು ಹುಟ್ಟಿದ್ದು ನಮ್ಮ ಕರ್ನಾಟಕದಲ್ಲೇ.

ಮಕ್ಕಳ ಹಕ್ಕು ಅಂದ ಕೂಡಲೇ ನಮಗೆ ನವೆಂಬರ್ 14ರ ಭಾಷಣ ನೆನಪಾಗುತ್ತದೆ. "ಮಕ್ಕಳೇ ದೇಶದ ಭವಿಷ್ಯ" ಅಂತ ಹೇಳಿ, ಚಾಕೊಲೇಟು ಹಂಚಿ ಮುಗಿಸುತ್ತೇವೆ. ಕಾನೂನಿನಲ್ಲಿ ಈ ಹಕ್ಕು ಹೇಗೆ ಕೆಲಸ ಮಾಡುತ್ತದೆ? ಸಂವಿಧಾನದಲ್ಲಿ ಬರೆದ ಒಂದು ಸಾಲು ಹಳ್ಳಿಯ ಶಾಲೆಯ ಬಾಗಿಲಿಗೆ ಬಂದು ಮುಟ್ಟಲು ಏನೇನು ಆಗಬೇಕು? ಈ ಲೇಖನದಲ್ಲಿ ನಾವು ಹೇಳಹೊರಟಿರುವುದು ಇಷ್ಟೇ: ಹಕ್ಕು ಕಾಗದದ ಮೇಲೆ ಇದ್ದರೆ ಸಾಲದು, ಅದನ್ನು ಕೊಡಬೇಕಾದವರು ಯಾರು, ಕೊಡದಿದ್ದರೆ ಯಾರನ್ನು ಕೇಳಬೇಕು ಅನ್ನೋದು ಗೊತ್ತಾದ ದಿನವೇ ಅದು ನಿಜವಾಗೋದು.

ಸಂವಿಧಾನದಲ್ಲಿ ಮಕ್ಕಳು ಎಲ್ಲಿದ್ದಾರೆ?

ನಮ್ಮ ಸಂವಿಧಾನದಲ್ಲಿ "ಮಕ್ಕಳ ಹಕ್ಕುಗಳು" ಅನ್ನೋ ಪ್ರತ್ಯೇಕ ಅಧ್ಯಾಯ ಇಲ್ಲ. ಅಲ್ಲೊಂದು ಇಲ್ಲೊಂದು ವಿಧಿಯಲ್ಲಿ ಮಕ್ಕಳು ಬರುತ್ತಾರೆ. ಮುಖ್ಯವಾದವು ಇವು:

ವಿಧಿ 15(3): ಮಹಿಳೆಯರಿಗೆ ಮತ್ತು ಮಕ್ಕಳಿಗೆ ಸರ್ಕಾರ ವಿಶೇಷ ಸೌಲಭ್ಯ ಮಾಡಬಹುದು. ಅದನ್ನು ತಾರತಮ್ಯ ಅಂತ ಯಾರೂ ಪ್ರಶ್ನಿಸುವ ಹಾಗಿಲ್ಲ.

ವಿಧಿ 21ಎ: 6ರಿಂದ 14 ವರ್ಷದ ಎಲ್ಲ ಮಕ್ಕಳಿಗೆ ಉಚಿತ ಮತ್ತು ಕಡ್ಡಾಯ ಶಿಕ್ಷಣ. ಇದು ಮೂಲ ಸಂವಿಧಾನದಲ್ಲಿ ಇರಲಿಲ್ಲ, ಆಮೇಲೆ ಸೇರಿದ್ದು.

ವಿಧಿ 24: 14 ವರ್ಷದೊಳಗಿನ ಮಗುವನ್ನು ಕಾರ್ಖಾನೆ, ಗಣಿ ಅಥವಾ ಬೇರೆ ಯಾವುದೇ ಅಪಾಯಕಾರಿ ಕೆಲಸಕ್ಕೆ ಹಚ್ಚುವಂತಿಲ್ಲ.

ವಿಧಿ 39(ಇ) ಮತ್ತು (ಎಫ್): ಮಕ್ಕಳ ಎಳೆ ವಯಸ್ಸಿನ ದುರುಪಯೋಗ ಆಗದಂತೆ, ಅವರು ಆರೋಗ್ಯವಾಗಿ, ಘನತೆಯಿಂದ ಬೆಳೆಯುವಂತೆ ಸರ್ಕಾರ ತನ್ನ ನೀತಿಯನ್ನು ರೂಪಿಸಬೇಕು.

ವಿಧಿ 45: ಈಗ ಇದು 6 ವರ್ಷದೊಳಗಿನ ಮಕ್ಕಳ ಆರೈಕೆ ಮತ್ತು ಶಿಕ್ಷಣದ ಬಗ್ಗೆ. ಮೊದಲು ಬೇರೆಯೇ ಇತ್ತು.

ವಿಧಿ 51ಎ(ಕೆ): 6ರಿಂದ 14 ವರ್ಷದ ಮಗುವಿಗೆ ಓದುವ ಅವಕಾಶ ಕೊಡುವುದು ತಂದೆ-ತಾಯಿಯ, ಪೋಷಕರ ಕರ್ತವ್ಯ.

ಈ ಪಟ್ಟಿಯನ್ನು ಸುಮ್ಮನೆ ಓದಿದರೆ ಎಲ್ಲವೂ ಒಂದೇ ಥರ ಕಾಣುತ್ತವೆ. ಆದರೆ ಒಂದು ದೊಡ್ಡ ವ್ಯತ್ಯಾಸ ಇದೆ. 15, 21ಎ, 24 ಇವು ಮೂರನೇ ಭಾಗದಲ್ಲಿವೆ, ಅಂದ್ರೆ ಮೂಲಭೂತ ಹಕ್ಕುಗಳು. ಉಲ್ಲಂಘನೆಯಾದರೆ ನೇರವಾಗಿ ಹೈಕೋರ್ಟಿಗೋ ಸುಪ್ರೀಂ ಕೋರ್ಟಿಗೋ ಹೋಗಬಹುದು. 39 ಮತ್ತು 45 ನಾಲ್ಕನೇ ಭಾಗದಲ್ಲಿವೆ, ಅಂದ್ರೆ ರಾಜ್ಯನೀತಿಯ ನಿರ್ದೇಶಕ ತತ್ವಗಳು. ದೇಶದ ಆಡಳಿತಕ್ಕೆ ಇವು ಮೂಲಭೂತ, ಆದರೆ ಕೋರ್ಟಿನ ಮೂಲಕ ಜಾರಿ ಮಾಡಿಸುವ ಹಾಗಿಲ್ಲ ಅಂತ 37ನೇ ವಿಧಿಯೇ ಹೇಳಿಬಿಟ್ಟಿದೆ. ಒಂದು ಕೇಳಿ ಪಡೆಯುವಂಥದ್ದು, ಇನ್ನೊಂದು ಕೊಟ್ಟಾಗ ಪಡೆಯುವಂಥದ್ದು. ನಮ್ಮ ದೇಶದ ಮಕ್ಕಳ ಶಿಕ್ಷಣದ ಕಥೆಯೆಲ್ಲ ಈ ನಾಲ್ಕನೇ ಭಾಗದಿಂದ ಮೂರನೇ ಭಾಗಕ್ಕೆ ನಡೆದುಬಂದ ಕಥೆ.

1948ರ ಒಂದು ಚರ್ಚೆ

ಕಡ್ಡಾಯ ಶಿಕ್ಷಣ ಅನ್ನೋದು ಸ್ವಾತಂತ್ರ್ಯದ ನಂತರ ಹುಟ್ಟಿದ ಯೋಚನೆ ಏನಲ್ಲ. 1911ರಲ್ಲೇ ಗೋಪಾಲಕೃಷ್ಣ ಗೋಖಲೆಯವರು ಪ್ರಾಥಮಿಕ ಶಿಕ್ಷಣವನ್ನು ಹಂತಹಂತವಾಗಿ ಕಡ್ಡಾಯ ಮಾಡುವ ಮಸೂದೆ ತಂದಿದ್ದರು. ಬ್ರಿಟಿಷ್ ಸರ್ಕಾರದ ಶಾಸನಸಭೆಯಲ್ಲಿ ಅದು ಬಿದ್ದುಹೋಯಿತು. ಆದರೆ ನಮ್ಮ ಮೈಸೂರು ಸಂಸ್ಥಾನದಲ್ಲಿ 1913ರಲ್ಲೇ ಪ್ರಾಥಮಿಕ ಶಿಕ್ಷಣದ ಕಾನೂನು ಬಂತು, ಆಯ್ದ ಜಾಗಗಳಲ್ಲಿ ಕಡ್ಡಾಯ ಶಿಕ್ಷಣ ಶುರುವಾಯಿತು. ಆಗ ದಿವಾನರಾಗಿದ್ದವರು ಯಾರು ಅಂತ ಇಂಜಿನಿಯರಿಂಗ್ ಕಾಲೇಜಿನಲ್ಲಿ ಹೇಳಬೇಕಾಗಿಲ್ಲ. ಕನ್ನಂಬಾಡಿ ಕಟ್ಟೆಗೆ ನಾವು ನೆನೆಯುವ ವಿಶ್ವೇಶ್ವರಯ್ಯನವರನ್ನು ಇದಕ್ಕೂ ನೆನೆಯಬೇಕು.

ಈಗ ಸಂವಿಧಾನ ರಚನಾ ಸಭೆಗೆ ಬರೋಣ. ಕರಡು ಸಂವಿಧಾನದ 36ನೇ ವಿಧಿಯಲ್ಲಿ ಎರಡು ಮಾತು ಇದ್ದವು. ಒಂದು, ಪ್ರತಿಯೊಬ್ಬ ಪ್ರಜೆಗೂ ಉಚಿತ ಪ್ರಾಥಮಿಕ ಶಿಕ್ಷಣ ಪಡೆಯುವ ಹಕ್ಕು ಇದೆ. ಎರಡು, 10 ವರ್ಷದೊಳಗೆ 14 ವರ್ಷದವರೆಗಿನ ಎಲ್ಲ ಮಕ್ಕಳಿಗೆ ಉಚಿತ ಮತ್ತು ಕಡ್ಡಾಯ ಶಿಕ್ಷಣ ಕೊಡಲು ಸರ್ಕಾರ ಪ್ರಯತ್ನಿಸಬೇಕು. 1948ರ ನವೆಂಬರ್ 23ರಂದು ಇದು ಚರ್ಚೆಗೆ ಬಂದಾಗ, ನಿರ್ದೇಶಕ ತತ್ವಗಳ ಭಾಗದಲ್ಲಿ "ಹಕ್ಕು" ಎಂಬ ಮಾತು ಸಲ್ಲದು ಎಂಬ ಆಕ್ಷೇಪಣೆ ಬಂತು. ಮೊದಲ ಮಾತನ್ನು ತೆಗೆದುಹಾಕಿದರು. "ಹಕ್ಕು ಇದೆ" ಅನ್ನೋದು ಹೋಯಿತು, "ಪ್ರಯತ್ನಿಸಬೇಕು" ಅನ್ನೋದು ಉಳಿಯಿತು.

ಅದೇ ದಿನ ಇನ್ನೊಂದು ತಿದ್ದುಪಡಿಯೂ ಬಂದಿತ್ತು. ಸರ್ಕಾರದ ಹೊಣೆಯನ್ನು ಪ್ರಾಥಮಿಕ ಶಿಕ್ಷಣಕ್ಕಷ್ಟೇ ಸೀಮಿತ ಮಾಡೋಣ ಅಂತ ಒಬ್ಬ ಸದಸ್ಯರು ಕೇಳಿದರು. ಡಾ. ಅಂಬೇಡ್ಕರ್ ಒಪ್ಪಲಿಲ್ಲ. ಅವರು ಕೊಟ್ಟ ಕಾರಣವನ್ನು ಗಮನಿಸಿ: 14 ವರ್ಷದೊಳಗಿನ ಮಗುವನ್ನು ಕೆಲಸಕ್ಕೆ ಹಚ್ಚಬಾರದು ಅಂತ ನಾವು ಮೂಲಭೂತ ಹಕ್ಕುಗಳಲ್ಲಿ ಈಗಾಗಲೇ ಬರೆದಿದ್ದೇವೆ. ಕೆಲಸ ಮಾಡಬಾರದು ಅಂದಮೇಲೆ ಆ ವಯಸ್ಸಿನವರೆಗೆ ಮಗು ಇನ್ನೆಲ್ಲಿರಬೇಕು? ಶಾಲೆಯಲ್ಲೇ ಇರಬೇಕು. ಹಾಗಾಗಿ 14 ಅನ್ನೋ ಸಂಖ್ಯೆ ಎರಡೂ ಕಡೆ ಒಂದೇ ಆಗಿರಬೇಕು.

ಎಷ್ಟು ಸರಳವಾದ ತರ್ಕ ನೋಡಿ! ಕೆಲಸದ ಬಾಗಿಲು ಮುಚ್ಚಿದರೆ ಶಾಲೆಯ ಬಾಗಿಲು ತೆರೆದಿರಬೇಕು. ಆದರೆ ಮುಚ್ಚುವ ಬಾಗಿಲನ್ನು ಮೂರನೇ ಭಾಗದಲ್ಲಿ ಇಟ್ಟರು, ತೆರೆಯುವ ಬಾಗಿಲನ್ನು ನಾಲ್ಕನೇ ಭಾಗದಲ್ಲಿ ಇಟ್ಟರು. ಆಗಷ್ಟೇ ವಿಭಜನೆಯ ಪೆಟ್ಟು ತಿಂದ ಬಡ ದೇಶ, ಶಾಲೆಗಳಿಲ್ಲ, ಮೇಷ್ಟ್ರುಗಳಿಲ್ಲ, ದುಡ್ಡಿಲ್ಲ. ಕಾರಣ ಅರ್ಥವಾಗುತ್ತದೆ. ಹಾಗಿದ್ದರೂ ನಿರ್ದೇಶಕ ತತ್ವಗಳಲ್ಲೇ ಗಡುವು ಹಾಕಿದ್ದ ವಿಧಿ ಇದೊಂದೇ. 1950ರಿಂದ 10 ವರ್ಷ, ಅಂದ್ರೆ 1960. ಆ ಗಡುವು ಬಂತು, ಹೋಯಿತು. ಯಾರೂ ಕೋರ್ಟಿನಲ್ಲಿ ಕೇಳುವ ಹಾಗಿರಲಿಲ್ಲ. ಅಸೈನ್‌ಮೆಂಟಿಗೆ ಡೆಡ್‌ಲೈನ್ ಕೊಟ್ಟು, ತಪ್ಪಿದರೆ ಏನೂ ಮಾಡೋದಿಲ್ಲ ಅಂದರೆ ನಾವು ಏನು ಮಾಡುತ್ತೇವೆ ಅಂತ ನಮಗೇ ಗೊತ್ತಲ್ಲ.

ತುಮಕೂರಿನ ಮೆಡಿಕಲ್ ಸೀಟು

1984ರಲ್ಲಿ ಕರ್ನಾಟಕ ಸರ್ಕಾರ ಕ್ಯಾಪಿಟೇಶನ್ ಫೀ ನಿಷೇಧ ಕಾಯ್ದೆ ತಂದಿತ್ತು. ಅದರ ಅಡಿಯಲ್ಲಿ 1989ರಲ್ಲಿ ಖಾಸಗಿ ಮೆಡಿಕಲ್ ಕಾಲೇಜುಗಳ ಫೀಸು ನಿಗದಿಯಾಯಿತು: ಸರ್ಕಾರಿ ಸೀಟಿಗೆ ವರ್ಷಕ್ಕೆ 2,000 ರೂಪಾಯಿ, ಕರ್ನಾಟಕದ ಇತರ ವಿದ್ಯಾರ್ಥಿಗಳಿಗೆ 25,000, ಹೊರರಾಜ್ಯದವರಿಗೆ 60,000. ಉತ್ತರ ಪ್ರದೇಶದ ಒಬ್ಬ ವಿದ್ಯಾರ್ಥಿನಿ ತುಮಕೂರಿನ ಒಂದು ಮೆಡಿಕಲ್ ಕಾಲೇಜಿನಲ್ಲಿ ಸೀಟು ಕೇಳಿದಾಗ ಈ 60,000 ರೂಪಾಯಿ ಅಡ್ಡ ಬಂತು. ಆಕೆ ಸುಪ್ರೀಂ ಕೋರ್ಟಿಗೆ ಹೋದರು. ಇದೇ ಮೋಹಿನಿ ಜೈನ್ ವಿರುದ್ಧ ಕರ್ನಾಟಕ ರಾಜ್ಯ ಎಂಬ ಪ್ರಸಿದ್ಧ ಪ್ರಕರಣ.

1992ರ ಜುಲೈನಲ್ಲಿ ಇಬ್ಬರು ನ್ಯಾಯಮೂರ್ತಿಗಳ ಪೀಠ ಹೇಳಿದ್ದೇನು? 21ನೇ ವಿಧಿಯ "ಜೀವಿಸುವ ಹಕ್ಕು" ಅಂದರೆ ಬರೀ ಉಸಿರಾಡುವ ಹಕ್ಕಲ್ಲ, ಘನತೆಯಿಂದ ಬದುಕುವ ಹಕ್ಕು. ಶಿಕ್ಷಣವಿಲ್ಲದೆ ಘನತೆಯ ಬದುಕು ಸಾಧ್ಯವಿಲ್ಲ. ಆದ್ದರಿಂದ ಶಿಕ್ಷಣವೂ ಮೂಲಭೂತ ಹಕ್ಕು. ಇದು ಎಲ್ಲ ಹಂತದ ಶಿಕ್ಷಣಕ್ಕೂ ಅನ್ವಯಿಸುವ ಮಾತಾಗಿತ್ತು. ಹಾಗಾದರೆ ಎಲ್ಲರಿಗೂ ಎಂಬಿಬಿಎಸ್, ಬಿಇ ಸೀಟನ್ನು ಸರ್ಕಾರವೇ ಕೊಡಬೇಕಾ? ಖಾಸಗಿ ಕಾಲೇಜುಗಳು ಗಾಬರಿಯಾದವು, ಮತ್ತೆ ಕೋರ್ಟಿಗೆ ಹೋದವು.

1993ರ ಫೆಬ್ರವರಿಯಲ್ಲಿ ಉನ್ನಿಕೃಷ್ಣನ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಗೆರೆ ಎಳೆಯಿತು. 14 ವರ್ಷದವರೆಗೆ ಶಿಕ್ಷಣ ಮೂಲಭೂತ ಹಕ್ಕು, ಅದಾದ ಮೇಲೆ ಸರ್ಕಾರದ ಆರ್ಥಿಕ ಶಕ್ತಿಗೆ ತಕ್ಕಂತೆ. 14 ಅನ್ನೋ ಸಂಖ್ಯೆ ಎಲ್ಲಿಂದ ಬಂತು? ಅದೇ 45ನೇ ವಿಧಿಯಿಂದ. 10 ವರ್ಷದ ಗಡುವು ಮುಗಿದು ದಶಕಗಳೇ ಕಳೆದವು, ಇನ್ನೂ ಅದು ಬರೀ ಆಶಯ ಅಂತ ಹೇಳಲಾಗದು ಅನ್ನೋದು ಕೋರ್ಟಿನ ನಿಲುವು. ಇದೇ ತೀರ್ಪು ವೃತ್ತಿಶಿಕ್ಷಣ ಕಾಲೇಜುಗಳಿಗೆ "ಫ್ರೀ ಸೀಟು, ಪೇಮೆಂಟ್ ಸೀಟು" ಎಂಬ ವ್ಯವಸ್ಥೆಯನ್ನೂ ಹಾಕಿಕೊಟ್ಟಿತು. ನಮ್ಮ ಅಣ್ಣಂದಿರು, ಅಕ್ಕಂದಿರು ಫ್ರೀ ಸೀಟು ಅಂತ ಹೇಳುತ್ತಿದ್ದದ್ದು ಇದನ್ನೇ. ಆ ಸೀಟು ವ್ಯವಸ್ಥೆಯನ್ನು 2002ರಲ್ಲಿ ಟಿ.ಎಂ.ಎ. ಪೈ ಫೌಂಡೇಶನ್ ಪ್ರಕರಣದಲ್ಲಿ 11 ನ್ಯಾಯಮೂರ್ತಿಗಳ ಪೀಠ ತೆಗೆದುಹಾಕಿತು. ಆದರೆ 14 ವರ್ಷದವರೆಗಿನ ಶಿಕ್ಷಣ ಮೂಲಭೂತ ಹಕ್ಕು ಅನ್ನೋ ಭಾಗವನ್ನು ಹಾಗೇ ಉಳಿಸಿತು. ದೊಡ್ಡವರ ಸೀಟಿನ ಜಗಳದಲ್ಲಿ ಗಟ್ಟಿಯಾಗಿ ನಿಂತದ್ದು ಚಿಕ್ಕವರ ಹಕ್ಕು.

ತಿದ್ದುಪಡಿ ಬಂತು, ಆಮೇಲೆ?

ಕೋರ್ಟು ಹೇಳಿದ್ದನ್ನು ಸಂವಿಧಾನದಲ್ಲೇ ಬರೆಯಲು 2002ರ ಡಿಸೆಂಬರ್‌ನಲ್ಲಿ 86ನೇ ತಿದ್ದುಪಡಿ ಬಂತು. 21ಎ ಸೇರಿತು. ಆದರೆ "ಕಾನೂನಿನ ಮೂಲಕ ಸರ್ಕಾರ ನಿರ್ಧರಿಸುವ ರೀತಿಯಲ್ಲಿ" ಎಂಬ ಮಾತೂ ಅದರ ಜೊತೆ ಸೇರಿತು. ಕಾನೂನು ಬಂದದ್ದು 2009ರಲ್ಲಿ. ತಿದ್ದುಪಡಿ ಮತ್ತು ಶಿಕ್ಷಣ ಹಕ್ಕು ಕಾಯ್ದೆ ಎರಡೂ ಜಾರಿಯಾದದ್ದು 2010ರ ಏಪ್ರಿಲ್ 1ರಂದು. 1950ರಿಂದ ಲೆಕ್ಕ ಹಾಕಿ: 10 ವರ್ಷದ ಮಾತಿಗೆ 60 ವರ್ಷ ಹಿಡಿಯಿತು. 1950ರಲ್ಲಿ ಆರು ವರ್ಷದ ಹುಡುಗಿಯಾಗಿದ್ದು ಶಾಲೆಯ ಮುಖ ನೋಡದೆ ಬೆಳೆದ ಅಜ್ಜಿಗೆ 2010ರಲ್ಲಿ 66 ವರ್ಷ. ನಮ್ಮಲ್ಲಿ ಹಲವರ ಮನೆಯಲ್ಲಿ ಅಂಥ ಅಜ್ಜಿ ಇದ್ದಾರೆ.

ಆರ್‌ಟಿಇ ಅಂದರೆ ಖಾಸಗಿ ಶಾಲೆಯ ಶೇ. 25 ಸೀಟು ಅಂತಲೇ ಬಹಳ ಜನ ತಿಳಿದಿದ್ದಾರೆ. ಕಾಯ್ದೆ ಅದಕ್ಕಿಂತ ದೊಡ್ಡದು. ಕೆಲವು ಸೆಕ್ಷನ್‌ಗಳನ್ನು ನೋಡೋಣ.

ಸೆಕ್ಷನ್ 4: ಶಾಲೆಗೇ ಸೇರದ ಅಥವಾ ಮಧ್ಯದಲ್ಲಿ ಬಿಟ್ಟ ಮಗುವನ್ನು ಅದರ ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಬೇಕು. ಉಳಿದವರ ಸಮಕ್ಕೆ ಬರಲು ವಿಶೇಷ ತರಬೇತಿ ಕೊಡಬೇಕು. 10 ವರ್ಷದ ಹುಡುಗನನ್ನು ಒಂದನೇ ಕ್ಲಾಸಿನಲ್ಲಿ ಕೂರಿಸಿ ಅವಮಾನ ಮಾಡುವ ಹಾಗಿಲ್ಲ.

ಸೆಕ್ಷನ್ 5: ಟಿಸಿ ತಡವಾಯಿತು ಅಂತ ಪ್ರವೇಶ ನಿರಾಕರಿಸುವಂತಿಲ್ಲ.

ಸೆಕ್ಷನ್ 13: ಡೊನೇಶನ್ ಇಲ್ಲ, ಮಗುವಿಗೂ ಪೋಷಕರಿಗೂ ಇಂಟರ್‌ವ್ಯೂ ಇಲ್ಲ.

ಸೆಕ್ಷನ್ 14: ಜನನ ಪ್ರಮಾಣಪತ್ರ ಇಲ್ಲ ಅನ್ನೋ ಕಾರಣಕ್ಕೆ ವಾಪಸ್ ಕಳಿಸುವಂತಿಲ್ಲ.

ಸೆಕ್ಷನ್ 17: ಹೊಡೆಯುವಂತಿಲ್ಲ, ಮಾನಸಿಕ ಹಿಂಸೆಯೂ ಕೂಡದು.

ಸೆಕ್ಷನ್ 21: ಸರ್ಕಾರಿ ಮತ್ತು ಅನುದಾನಿತ ಶಾಲೆಗೆ ಒಂದು ಸಮಿತಿ ಇರಬೇಕು, ಅದರಲ್ಲಿ ಮುಕ್ಕಾಲು ಪಾಲು ಪೋಷಕರು, ಅರ್ಧದಷ್ಟು ಮಹಿಳೆಯರು. ನಮ್ಮಲ್ಲಿ ಇದು ಎಸ್‌ಡಿಎಂಸಿ ಅಂತಲೇ ಪರಿಚಿತ.

ಸೆಕ್ಷನ್ 32: ದೂರನ್ನು ಲಿಖಿತವಾಗಿ ಸ್ಥಳೀಯ ಪ್ರಾಧಿಕಾರಕ್ಕೆ ಕೊಡಬಹುದು, ಮೂರು ತಿಂಗಳೊಳಗೆ ತೀರ್ಮಾನ ಆಗಬೇಕು. ಆಗದಿದ್ದರೆ ರಾಜ್ಯ ಮಕ್ಕಳ ಹಕ್ಕುಗಳ ರಕ್ಷಣಾ ಆಯೋಗಕ್ಕೆ ಮೇಲ್ಮನವಿ.

ಸಂವಿಧಾನದ ಒಂದು ಸಾಲು ಹೀಗೆ ಟಿಸಿ, ಜನನ ಪ್ರಮಾಣಪತ್ರ, ಬೆತ್ತ ಇಂಥ ಸಣ್ಣಸಣ್ಣ ವಿಷಯಗಳ ತನಕ ಇಳಿದು ಬಂತು. ಮಗು ಶಾಲೆಯಿಂದ ಹೊರಗುಳಿಯೋದು ಇಂಥ ಸಣ್ಣ ಕಾರಣಗಳಿಂದಲೇ ತಾನೇ.

ದೇವರು ಕೊಟ್ಟರೂ ಪೂಜಾರಿ ಕೊಡ

ಸಂವಿಧಾನ, ಅದರ ಕೆಳಗೆ ಕಾಯ್ದೆ, ಅದರ ಕೆಳಗೆ ನಿಯಮ, ಅದರ ಕೆಳಗೆ ಸುತ್ತೋಲೆ, ಕೊನೆಗೆ ಹೆಡ್‌ಮಾಸ್ಟರ ಮೇಜು. ಈ ಏಣಿಯ ಯಾವ ಮೆಟ್ಟಿಲಲ್ಲಾದರೂ ಹಕ್ಕು ಹಿಗ್ಗಬಹುದು, ಕುಗ್ಗಬಹುದು.

ಉದಾಹರಣೆಗೆ ಆ ಶೇ. 25 ಸೀಟನ್ನೇ ತೆಗೆದುಕೊಳ್ಳಿ. ಸೆಕ್ಷನ್ 12(1)(ಸಿ) ಪ್ರಕಾರ ಅನುದಾನರಹಿತ ಖಾಸಗಿ ಶಾಲೆ ತನ್ನ ಮೊದಲ ತರಗತಿಯ ಕನಿಷ್ಠ ಶೇ. 25 ಸೀಟನ್ನು ನೆರೆಹೊರೆಯ ಬಡ ಮತ್ತು ಅವಕಾಶವಂಚಿತ ಮಕ್ಕಳಿಗೆ ಕೊಡಬೇಕು, ಖರ್ಚನ್ನು ಸರ್ಕಾರ ಭರಿಸಬೇಕು. 2012ರಲ್ಲಿ ಸುಪ್ರೀಂ ಕೋರ್ಟು ಇದನ್ನು ಎತ್ತಿಹಿಡಿಯಿತು. 2014ರಲ್ಲಿ ಅಲ್ಪಸಂಖ್ಯಾತ ಶಾಲೆಗಳನ್ನು ಕಾಯ್ದೆಯಿಂದ ಹೊರಗಿಟ್ಟಿತು. 2018-19ರಲ್ಲಿ ನಮ್ಮ ರಾಜ್ಯ ಸರ್ಕಾರ ನಿಯಮವನ್ನು ಬದಲಿಸಿತು: ಹತ್ತಿರದಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಖಾಸಗಿ ಶಾಲೆ ಈ ಸೀಟು ಕೊಡಬೇಕಿಲ್ಲ. ಕಾಯ್ದೆಯ ಒಂದಕ್ಷರವೂ ಬದಲಾಗಲಿಲ್ಲ, ಆದರೆ ಸಿಗುತ್ತಿದ್ದ ಸೀಟುಗಳು ಒಮ್ಮೆಲೇ ಕುಸಿದವು. 2019ರಲ್ಲಿ ಕರ್ನಾಟಕ ಹೈಕೋರ್ಟು ಈ ಬದಲಾವಣೆಯನ್ನು ಒಪ್ಪಿತು. ಇಂಥದ್ದೇ ಬದಲಾವಣೆಯನ್ನು 2024ರಲ್ಲಿ ಮಹಾರಾಷ್ಟ್ರ ತಂದಾಗ ಬಾಂಬೆ ಹೈಕೋರ್ಟು ಅದನ್ನು ರದ್ದುಮಾಡಿತು.

ಸರ್ಕಾರದ ವಾದದಲ್ಲಿ ಹುರುಳೇ ಇಲ್ಲ ಅಂತ ನಾವು ಹೇಳುತ್ತಿಲ್ಲ. ಪಕ್ಕದಲ್ಲೇ ಕನ್ನಡ ಶಾಲೆ ಇರುವಾಗ ಸರ್ಕಾರದ ದುಡ್ಡು ಖಾಸಗಿ ಶಾಲೆಗೆ ಹೋದರೆ, ಸರ್ಕಾರಿ ಶಾಲೆ ಮಕ್ಕಳಿಲ್ಲದೆ ಮುಚ್ಚುತ್ತದೆ ಅನ್ನೋ ಆತಂಕ ನಿಜವಾದದ್ದು. ಕನ್ನಡ ಸಂಘದವರಾದ ನಮಗೆ ಆ ಆತಂಕ ಇನ್ನೂ ಹೆಚ್ಚು. ಆದರೆ ಆ ವಾದ ನಿಲ್ಲಬೇಕಾದರೆ ಪಕ್ಕದ ಸರ್ಕಾರಿ ಶಾಲೆಗೆ ಮೇಷ್ಟ್ರು, ಶೌಚಾಲಯ, ಪುಸ್ತಕ ಎಲ್ಲ ಬರಬೇಕು. ಮಗುವಿನಿಂದ ಒಂದು ಬಾಗಿಲು ಕಿತ್ತುಕೊಂಡರೆ ಇನ್ನೊಂದು ಬಾಗಿಲು ಚೆನ್ನಾಗಿ ತೆರೆದಿದೆ ಅಂತ ತೋರಿಸುವ ಹೊಣೆ ಕಿತ್ತುಕೊಂಡವರದ್ದು.

ಸಿವಿಲ್‌ನವರು ಓದಲೇಬೇಕಾದ ಭಾಗ

ಈಗ ಮುಚ್ಚಬೇಕಾದ ಬಾಗಿಲಿನ ಕಡೆ ಬರೋಣ, ಅಂದ್ರೆ 24ನೇ ವಿಧಿ. ಮೂಲಭೂತ ಹಕ್ಕುಗಳು ಸಾಮಾನ್ಯವಾಗಿ ಸರ್ಕಾರದ ವಿರುದ್ಧ ಇರುತ್ತವೆ. ಇದು ಹಾಗಲ್ಲ, ಖಾಸಗಿ ಕಂಟ್ರಾಕ್ಟರನ ಮೇಲೂ ನೇರವಾಗಿ ಅನ್ವಯಿಸುತ್ತದೆ.

1982ರ ಏಷ್ಯಾಡ್‌ಗಾಗಿ ದೆಹಲಿಯಲ್ಲಿ ಸ್ಟೇಡಿಯಂ, ಫ್ಲೈಓವರ್‌ಗಳು ತರಾತುರಿಯಲ್ಲಿ ಏಳುತ್ತಿದ್ದವು. ಅಲ್ಲಿನ ಕೂಲಿಕಾರರ ಸ್ಥಿತಿಯ ಬಗ್ಗೆ ಪೀಪಲ್ಸ್ ಯೂನಿಯನ್ ಫಾರ್ ಡೆಮಾಕ್ರಟಿಕ್ ರೈಟ್ಸ್ ಸಂಸ್ಥೆ ಸುಪ್ರೀಂ ಕೋರ್ಟಿಗೆ ಒಂದು ಪತ್ರ ಬರೆಯಿತು. ಕೋರ್ಟು ಆ ಪತ್ರವನ್ನೇ ಅರ್ಜಿ ಅಂತ ತೆಗೆದುಕೊಂಡಿತು. ಸೈಟುಗಳಲ್ಲಿ 14 ವರ್ಷದೊಳಗಿನ ಮಕ್ಕಳೂ ಕೆಲಸ ಮಾಡುತ್ತಿದ್ದಾರೆ ಎಂಬ ದೂರಿಗೆ, ಆಗಿನ 1938ರ ಕಾಯ್ದೆಯ ಪಟ್ಟಿಯಲ್ಲಿ ಕಟ್ಟಡ ಕೆಲಸದ ಹೆಸರೇ ಇಲ್ಲ ಎಂಬ ಉತ್ತರ ಬಂತು. ಪಟ್ಟಿಯಲ್ಲಿ ಇಲ್ಲದಿದ್ದರೇನಂತೆ, ಕಟ್ಟಡ ಕೆಲಸ ಅಪಾಯಕಾರಿ ಅನ್ನೋದು ಯಾರಿಗೆ ಗೊತ್ತಿಲ್ಲ, 24ನೇ ವಿಧಿಯೇ ಸಾಕು ಅಂತ ಕೋರ್ಟು ಹೇಳಿತು. ಅಂಗೈ ಹುಣ್ಣಿಗೆ ಕನ್ನಡಿ ಬೇಕೇ?

ಅದರ ನಂತರ 1986ರ ಬಾಲಕಾರ್ಮಿಕ ಕಾಯ್ದೆ ಬಂತು. ಅದು ಕೆಲವು ಕೆಲಸಗಳನ್ನು ನಿಷೇಧಿಸಿ ಉಳಿದವನ್ನು ನಿಯಂತ್ರಿಸಿತು ಅಷ್ಟೇ. 1996ರಲ್ಲಿ ಶಿವಕಾಶಿಯ ಬೆಂಕಿಪೊಟ್ಟಣ, ಪಟಾಕಿ ಉದ್ಯಮದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಕಾನೂನು ಮುರಿದು ದುಡಿಸಿಕೊಂಡ ಮಾಲೀಕ ಪ್ರತಿ ಮಗುವಿಗೆ 20,000 ರೂಪಾಯಿ ಕಟ್ಟಬೇಕು, ಆ ದುಡ್ಡು ಮಗುವಿನ ಹೆಸರಿನ ನಿಧಿಗೆ ಹೋಗಬೇಕು ಅಂತ ಆದೇಶಿಸಿತು. 2016ರ ತಿದ್ದುಪಡಿಯ ನಂತರ 14 ವರ್ಷದೊಳಗಿನ ಮಕ್ಕಳನ್ನು ಯಾವ ಕೆಲಸಕ್ಕೂ ಇಟ್ಟುಕೊಳ್ಳುವಂತಿಲ್ಲ. ಹೋಟೆಲು, ಗ್ಯಾರೇಜು, ಮನೆಗೆಲಸ ಎಲ್ಲವೂ ಇದರಲ್ಲಿ ಬಂತು. ತಪ್ಪಿದರೆ 6 ತಿಂಗಳಿಂದ 2 ವರ್ಷದವರೆಗೆ ಜೈಲು ಅಥವಾ 20,000ದಿಂದ 50,000 ರೂಪಾಯಿ ದಂಡ, ಅಥವಾ ಎರಡೂ. 14ರಿಂದ 18ರವರನ್ನು ಅಪಾಯಕಾರಿ ಕೆಲಸಕ್ಕೆ ಹಚ್ಚುವಂತಿಲ್ಲ.

ಆದರೆ ಈ ತಿದ್ದುಪಡಿಯಲ್ಲಿ ಒಂದು ಕಿಂಡಿಯೂ ಇದೆ. ಶಾಲೆ ಮುಗಿದ ಮೇಲೆ ಅಥವಾ ರಜೆಯಲ್ಲಿ, ಅಪಾಯಕಾರಿಯಲ್ಲದ ಕುಟುಂಬದ ಉದ್ಯಮದಲ್ಲಿ ಮಗು ಸಹಾಯ ಮಾಡಬಹುದು. ಅಪ್ಪನ ಹೊಲದಲ್ಲಿ, ಅಮ್ಮನ ಅಂಗಡಿಯಲ್ಲಿ ನಾವೂ ಕೈಜೋಡಿಸಿದ್ದೇವೆ, ಅದರಲ್ಲಿ ತಪ್ಪೇನು ಅಂತ ಅನ್ನಿಸಬಹುದು. ತೊಂದರೆ ಬರೋದು ಗುತ್ತಿಗೆ ಕೆಲಸ ಮನೆಯೊಳಗೇ ನಡೆಯುವ ಕಡೆ. ಬೀಡಿ ಕಟ್ಟೋದು ಅಪಾಯಕಾರಿ ಪಟ್ಟಿಯಲ್ಲಿದೆ, ಅದು ಮನೆಯಲ್ಲೂ ನಿಷಿದ್ಧ. ಆದರೂ ನಾಲ್ಕು ಗೋಡೆಯ ಒಳಗೆ ರಾತ್ರಿ ಎಂಟು ಗಂಟೆಗೆ ಯಾವ ಇನ್‌ಸ್ಪೆಕ್ಟರ್ ಬಂದು ನೋಡುತ್ತಾನೆ?

ಮಗು ಅಂದ್ರೆ ಯಾರು?

ಇಷ್ಟು ಓದಿದ ಮೇಲೆ ಈ ಪ್ರಶ್ನೆ ಏಳಲೇಬೇಕು. ವಿಶ್ವಸಂಸ್ಥೆಯ ಮಕ್ಕಳ ಹಕ್ಕುಗಳ ಒಡಂಬಡಿಕೆ ಅಂಗೀಕಾರವಾದದ್ದು 1989ರ ನವೆಂಬರ್ 20ರಂದು. ಭಾರತ ಅದಕ್ಕೆ ಸೇರಿದ್ದು 1992ರಲ್ಲಿ. ಅದರ ಪ್ರಕಾರ ಸಾಮಾನ್ಯವಾಗಿ 18 ವರ್ಷದೊಳಗಿನ ಎಲ್ಲರೂ ಮಕ್ಕಳು. ನಮ್ಮ 2012ರ ಪೋಕ್ಸೊ ಕಾಯ್ದೆಗೂ, 2015ರ ಬಾಲನ್ಯಾಯ ಕಾಯ್ದೆಗೂ ಮಗು ಅಂದರೆ 18ರೊಳಗಿನವರು. ಬಾಲ್ಯವಿವಾಹ ಕಾಯ್ದೆಗೆ ಹುಡುಗಿಗೆ 18, ಹುಡುಗನಿಗೆ 21. ಆರ್‌ಟಿಇಗೆ ಮಾತ್ರ 6ರಿಂದ 14.

ಈ ಸಂಖ್ಯೆಗಳನ್ನು ಒಂದರ ಪಕ್ಕ ಒಂದು ಇಟ್ಟು ನೋಡಿ. ಎಂಟನೇ ಕ್ಲಾಸು ಮುಗಿಸಿದ 14 ವರ್ಷದ ಹುಡುಗಿಗೆ ಮುಂದೆ ಓದುವ ಮೂಲಭೂತ ಹಕ್ಕು ಸ್ಪಷ್ಟವಾಗಿಲ್ಲ. ಅಪಾಯಕಾರಿಯಲ್ಲದ ಕೆಲಸಕ್ಕೆ ಹೋದರೆ ಕಾನೂನು ತಡೆಯುವುದಿಲ್ಲ. ಮದುವೆಯ ವಯಸ್ಸು ಬರಲು ಇನ್ನೂ ನಾಲ್ಕು ವರ್ಷ ಇದೆ. ಹೈಸ್ಕೂಲು ದೂರ, ಬಸ್ಸು ಇಲ್ಲ, ಮನೆಯಲ್ಲಿ ಒತ್ತಡ. ಎಸ್‌ಎಸ್‌ಎಲ್‌ಸಿ ಕೂಡ ಮುಗಿಯದ ವಯಸ್ಸಿಗೆ ಶಿಕ್ಷಣದ ಕಾನೂನು ಅವಳ ಕೈ ಬಿಡುತ್ತದೆ. ಇನ್ನೊಂದು ತುದಿಯಲ್ಲಿ 6 ವರ್ಷದೊಳಗಿನ ಮಗು. ಅಂಗನವಾಡಿಯ ಆ ಮಗು 86ನೇ ತಿದ್ದುಪಡಿಯ ನಂತರವೂ 45ನೇ ವಿಧಿಯ "ಪ್ರಯತ್ನಿಸಬೇಕು" ಎಂಬ ಮಾತಿನಲ್ಲೇ ಉಳಿದಿದೆ. 2020ರ ರಾಷ್ಟ್ರೀಯ ಶಿಕ್ಷಣ ನೀತಿ 3ರಿಂದ 18 ವರ್ಷದವರೆಗಿನ ಶಿಕ್ಷಣದ ಬಗ್ಗೆ ಮಾತಾಡುತ್ತದೆ. ಆದರೆ ನೀತಿ ಕಾನೂನಲ್ಲ, ಅದನ್ನು ಹಿಡಿದು ಕೋರ್ಟಿನಲ್ಲಿ ಹಕ್ಕು ಕೇಳಲಾಗದು.

ಬಾಲ್ಯವಿವಾಹದ ವಿಷಯದಲ್ಲಿ ಕರ್ನಾಟಕ ಒಂದು ಒಳ್ಳೆಯ ಹೆಜ್ಜೆ ಇಟ್ಟಿದೆ, ಅದನ್ನೂ ಹೇಳಬೇಕು. 2006ರ ಕೇಂದ್ರ ಕಾಯ್ದೆಯ ಪ್ರಕಾರ ಬಾಲ್ಯವಿವಾಹ ಮಾಡಿಸುವುದು ಅಪರಾಧ, ಆದರೆ ನಡೆದ ಮದುವೆ ತಾನಾಗಿ ಅಸಿಂಧು ಆಗೋದಿಲ್ಲ. ರದ್ದಾಗಬೇಕಾದರೆ ಆ ಮಗುವೇ ಕೋರ್ಟಿಗೆ ಹೋಗಬೇಕು. ಗಂಡನ ಮನೆಯಲ್ಲಿರುವ 15ರ ಹುಡುಗಿ ಕೋರ್ಟಿಗೆ ಹೋಗೋದು ಆಗುವ ಮಾತಾ? ನಮ್ಮ ರಾಜ್ಯ 2016ರ ತಿದ್ದುಪಡಿಯಲ್ಲಿ, ಬಾಲ್ಯವಿವಾಹ ಮೊದಲಿನಿಂದಲೇ ಅಸಿಂಧು ಅಂತ ಬರೆಯಿತು. 2017ರಲ್ಲಿ ಇಂಡಿಪೆಂಡೆಂಟ್ ಥಾಟ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದನ್ನು ಮೆಚ್ಚಿ, ಬೇರೆ ರಾಜ್ಯಗಳೂ ಈ ದಾರಿ ಹಿಡಿದರೆ ಒಳ್ಳೆಯದು ಅಂತ ಹೇಳಿತು. ಹೊಣೆ ಮಗುವಿನ ಹೆಗಲಿನಿಂದ ಕಾನೂನಿನ ಹೆಗಲಿಗೆ ಬಂತು.

ಹೊರಗಿನವರು ಹೇಗೆ ಬರೆದರು?

ದಕ್ಷಿಣ ಆಫ್ರಿಕಾದ 1996ರ ಸಂವಿಧಾನದಲ್ಲಿ ಮಕ್ಕಳಿಗೇ ಅಂತ ಒಂದು ಇಡೀ ಸೆಕ್ಷನ್ ಇದೆ, 28ನೆಯದು. ಹುಟ್ಟಿದಾಗಿನಿಂದ ಹೆಸರು ಮತ್ತು ರಾಷ್ಟ್ರೀಯತೆ, ಕುಟುಂಬದ ಆರೈಕೆ, ಊಟ, ಸೂರು, ಆರೋಗ್ಯ ಸೇವೆ ಎಲ್ಲ ಅದರಲ್ಲಿವೆ. ಮಗುವಿಗೆ ಸಂಬಂಧಪಟ್ಟ ಪ್ರತಿ ವಿಷಯದಲ್ಲೂ ಮಗುವಿನ ಹಿತವೇ ಅತಿ ಮುಖ್ಯ ಅಂತಲೂ ಅಲ್ಲಿ ಬರೆದಿದ್ದಾರೆ. 2007ರಲ್ಲಿ, ವಂಚನೆ ಪ್ರಕರಣದಲ್ಲಿ ಶಿಕ್ಷೆಯಾಗಿದ್ದ ಮೂರು ಮಕ್ಕಳ ತಾಯಿಯೊಬ್ಬರ ವಿಚಾರಣೆಯಲ್ಲಿ ಅಲ್ಲಿನ ಸಾಂವಿಧಾನಿಕ ನ್ಯಾಯಾಲಯ ಇದೇ ಸೆಕ್ಷನ್ನನ್ನು ಮುಂದಿಟ್ಟಿತು. ತಾಯಿ ಜೈಲಿಗೆ ಹೋದರೆ ಮಕ್ಕಳ ಗತಿಯೇನು ಅಂತ ನ್ಯಾಯಾಧೀಶರು ಯೋಚಿಸಲೇಬೇಕು ಅಂತ ಹೇಳಿ, ಉಳಿದ ಶಿಕ್ಷೆಯನ್ನು ಹೊರಗಿದ್ದು ಮೇಲ್ವಿಚಾರಣೆಯಲ್ಲಿ ಅನುಭವಿಸುವಂತೆ ಬದಲಿಸಿತು.

ಅಲ್ಲೂ ಕಾಗದಕ್ಕೂ ನೆಲಕ್ಕೂ ಅಂತರ ಇದ್ದೇ ಇದೆ. 2012ರಲ್ಲಿ ಲಿಂಪೊಪೊ ಪ್ರಾಂತ್ಯದ ಶಾಲೆಗಳಿಗೆ ಪಠ್ಯಪುಸ್ತಕವೇ ಸಮಯಕ್ಕೆ ತಲುಪಲಿಲ್ಲ. ಕೋರ್ಟಿಗೆ ಹೋಗಬೇಕಾಯಿತು. ಮೂಲ ಶಿಕ್ಷಣದ ಹಕ್ಕು ಅಂದರೆ ಪ್ರತಿ ಮಗುವಿನ ಕೈಯಲ್ಲಿ ಪುಸ್ತಕ ಇರುವುದೂ ಸೇರಿದೆ ಅಂತ 2015ರಲ್ಲಿ ಅಲ್ಲಿನ ಮೇಲ್ಮನವಿ ನ್ಯಾಯಾಲಯ ತೀರ್ಪು ಕೊಟ್ಟಿತು.

ಇನ್ನು ಅಮೆರಿಕ. ಅಲ್ಲಿನ ಸಂವಿಧಾನದಲ್ಲಿ ಶಿಕ್ಷಣದ ಮಾತೇ ಇಲ್ಲ. ಶಿಕ್ಷಣ ಫೆಡರಲ್ ಸಂವಿಧಾನದ ಮೂಲಭೂತ ಹಕ್ಕಲ್ಲ ಅಂತ 1973ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು ಹೇಳಿತು. ಮಕ್ಕಳ ಹಕ್ಕುಗಳ ಒಡಂಬಡಿಕೆಗೆ 1995ರಲ್ಲಿ ಸಹಿ ಹಾಕಿದರೂ ಆ ದೇಶ ಅನುಮೋದಿಸಿಲ್ಲ. ಆದರೆ ರಾಜ್ಯಗಳ ಸಂವಿಧಾನಗಳಲ್ಲಿ ಸಾರ್ವಜನಿಕ ಶಾಲೆಯ ಹೊಣೆ ಬರೆದಿದೆ, ಅದನ್ನು ನಡೆಸುವ ಸ್ಥಳೀಯ ಮಂಡಳಿಗಳಿವೆ. ಬರೆದ ಸಾಲು ಮತ್ತು ಹೊಣೆ ಹೊತ್ತವರು ಎರಡೂ ಬೇಕು. ಒಂದಿದ್ದು ಇನ್ನೊಂದಿಲ್ಲದಿದ್ದರೆ ಕೆಲಸ ನಡೆಯೋದು ಕಷ್ಟ.

ಹಾಗಾದರೆ ನಾವು?

ನಾವು ವಕೀಲರಲ್ಲ. ಆದರೆ ಮೇಲೆ ಹೇಳಿದ ಏಣಿಯ ಕೆಳಗಿನ ಮೆಟ್ಟಿಲು ನಮ್ಮ ಕೈಗೆ ಎಟುಕುವಂಥದ್ದು.

ಕಾಲೇಜಿನ ಸುತ್ತಮುತ್ತ ಕಟ್ಟಡ ಕೆಲಸ ನಡೆಯುತ್ತಿದ್ದರೆ, ಶೆಡ್ಡುಗಳಲ್ಲಿ ರಾಯಚೂರು, ಯಾದಗಿರಿ ಅಥವಾ ಹೊರರಾಜ್ಯದಿಂದ ಬಂದ ಕುಟುಂಬಗಳ ಮಕ್ಕಳು ಇದ್ದರೆ, ಅವರು ಶಾಲೆಗೆ ಹೋಗುತ್ತಾರಾ ಅಂತ ವಿಚಾರಿಸಬಹುದು. "ಟಿಸಿ ಇಲ್ಲ, ಆಧಾರ್ ಇಲ್ಲ, ವರ್ಷದ ಮಧ್ಯೆ ಬಂದಿದ್ದೀವಿ" ಅಂತ ಅವರ ತಾಯಿ ಹೇಳಿದರೆ, ಇವು ಯಾವುವೂ ಪ್ರವೇಶಕ್ಕೆ ಅಡ್ಡಿಯಾಗಬಾರದು ಅಂತ ಹೇಳಿ, ಹತ್ತಿರದ ಸರ್ಕಾರಿ ಶಾಲೆಯ ಹೆಡ್‌ಮಾಸ್ಟರ ಹತ್ತಿರ ಅವರ ಜೊತೆ ಹೋಗಬಹುದು. ಅಲ್ಲಿ ಆಗದಿದ್ದರೆ ಬಿಇಒ ಕಚೇರಿಗೆ ಒಂದು ಪುಟದ ಅರ್ಜಿ, ಕನ್ನಡದಲ್ಲೇ ಬರೆಯಬಹುದು. ಸ್ವೀಕೃತಿಯ ಸೀಲು ಹಾಕಿಸಿಕೊಳ್ಳೋದು ಮರೆಯಬಾರದು. ಮೂರು ತಿಂಗಳ ಗಡುವು ಶುರುವಾಗೋದು ಆ ಸೀಲಿನಿಂದ.

ಮಗು ಅಪಾಯದಲ್ಲಿದೆ, ದುಡಿಮೆಗೆ ಇಟ್ಟಿದ್ದಾರೆ, ಮದುವೆ ಮಾಡಿಸುತ್ತಿದ್ದಾರೆ ಅಂತ ಗೊತ್ತಾದರೆ 1098ಕ್ಕೆ ಕರೆ ಮಾಡಿ. ದಿನದ 24 ಗಂಟೆಯೂ ಉಚಿತ. ಆ ಮಗುವಿನ ಫೋಟೊ ತೆಗೆದು ಸ್ಟೇಟಸ್‌ಗೆ ಹಾಕಬೇಡಿ. ಗುರುತು ಬಯಲಾಗದಿರುವುದೂ ಮಗುವಿನ ಹಕ್ಕೇ.

ಊರಿಗೆ ಹೋದಾಗ ಗ್ರಾಮ ಪಂಚಾಯಿತಿಯಲ್ಲಿ ಮಕ್ಕಳ ಗ್ರಾಮಸಭೆ ನಡೆಯುತ್ತದಾ ಅಂತ ಪಿಡಿಒ ಅವರನ್ನು ಕೇಳಿ. ಪಂಚಾಯಿತಿಯವರು ವರ್ಷಕ್ಕೊಮ್ಮೆ ಮಕ್ಕಳನ್ನೇ ಕೂರಿಸಿ ಅವರ ಅಹವಾಲು ಕೇಳಬೇಕಾದ ಸಭೆ ಅದು. ಶಾಲೆಯ ಶೌಚಾಲಯಕ್ಕೆ ನೀರಿಲ್ಲ, ದಾರಿಯಲ್ಲಿ ಲೈಟಿಲ್ಲ, ಹೈಸ್ಕೂಲಿಗೆ ಬಸ್ಸಿಲ್ಲ ಇಂಥ ಮಾತುಗಳು ಅಲ್ಲಿ ಮಕ್ಕಳ ಬಾಯಿಂದಲೇ ಬರುತ್ತವೆ. 14ರ ನಂತರ ಶಾಲೆ ಬಿಡುವ ಹುಡುಗಿಗೆ ಕೆಲವೊಮ್ಮೆ ಬೇಕಾಗಿರೋದು ಸಂವಿಧಾನ ತಿದ್ದುಪಡಿಗಿಂತ ಮೊದಲು ಬೆಳಗ್ಗೆ ಎಂಟು ಗಂಟೆಯ ಒಂದು ಬಸ್ಸು.

1950ರಲ್ಲಿ ಕೊಟ್ಟ ಮಾತು ಜಾರಿಗೆ ಬರಲು 60 ವರ್ಷ ಹಿಡಿಯಿತು. 14ರಿಂದ 18ರ ಮಕ್ಕಳಿಗೆ, 6ರ ಕೆಳಗಿನವರಿಗೆ ಅಂಥ ಸ್ಪಷ್ಟ ಮಾತನ್ನು ಇನ್ನೂ ಕೊಡಬೇಕಾಗಿದೆ. ಅದಕ್ಕೂ 60 ವರ್ಷ ಬೇಕಾ ಅನ್ನೋ ಪ್ರಶ್ನೆಯನ್ನು ಮತ ಹಾಕುವ ವಯಸ್ಸಿಗೆ ಬಂದ ನಾವೇ ಕೇಳಬೇಕು. ಮಕ್ಕಳಿಗೆ ವೋಟಿಲ್ಲ, ನಮಗಿದೆ.